ಮರದ ಮಾಡಿಗೆ ಮೊದಲು ಗಾಳಿ ಬೇಕು

ಮೂಡಿಗೆರೆ, ಕೊಪ್ಪ, ಸಕಲೇಶಪುರ, ಮಡಿಕೇರಿ ಕಡೆ ಹೋಂಸ್ಟೇ, ರೆಸಾರ್ಟು ಕಟ್ಟಿಸುವ ಕೆಲವರಿಗೆ ಈಚೆಗೆ ಮರದ ಶಿಂಗಲ್ ಮೇಲೆ ಮನಸ್ಸು ಹೋಗಿದೆ. ಮರದ ತೆಳು ತುಂಡುಗಳನ್ನು ಮೀನಿನ ಹುರುಪೆಯಂತೆ ಒಂದರ ಮೇಲೊಂದು ಬರುವ ಹಾಗೆ ಜೋಡಿಸಿ ಹೊದಿಸುವ ಮಾಡು ಅದು. ಮೊಬೈಲಿನಲ್ಲಿ ವಿದೇಶದ ಮನೆಗಳ ಚಿತ್ರ ತೋರಿಸಿ, ‘ನಮಗೂ ಹೀಗೇ ಬೇಕು’ ಎನ್ನುತ್ತಾರೆ. ಹಾಗೆ ಆಸೆಪಡುವುದರಲ್ಲಿ ತಪ್ಪಿಲ್ಲ. ಕಾಫಿ ತೋಟದ ನಡುವೆ ಅಂಥ ಮಾಡು ನಿಜಕ್ಕೂ ಚೆಂದ. ಕಾಂಕ್ರೀಟು, ತಗಡಿನಷ್ಟು ಕಾಯುವುದಿಲ್ಲ, ಮಳೆ ಬಿದ್ದರೆ ಗದ್ದಲವಿಲ್ಲ.

ನಾನು ಬಡಗಿಯ ಮಗ. ಡಿಪ್ಲೊಮಾ ಓದಿದೆನಾದರೂ ಅಪ್ಪಯ್ಯನ ಹಿಂದೆ ಅಟ್ಟ ಹತ್ತಿಯೇ ಕೆಲಸ ಕಲಿತವನು. ಈಗಲೂ ಮಾಡು ಕಟ್ಟಿಸುವುದು, ಹಳೆಯ ಮಾಡು ಬಿಚ್ಚಿ ರಿಪೇರಿ ಮಾಡಿಸುವುದೇ ಬದುಕು. ಮರದ ಮಾಡು ಕಂಡರೆ ನನಗೆ ಪ್ರೀತಿ. ಅದಕ್ಕಾಗಿಯೇ ಹೇಳುತ್ತಿದ್ದೇನೆ: ಮಲೆನಾಡಿನಲ್ಲಿ ಇವತ್ತು ಮರದ ಶಿಂಗಲ್ ಹೊದಿಸುತ್ತಿರುವ ಬಗೆ ಸರಿಯಿಲ್ಲ. ಜನ ಮರದ ಹೆಸರಿಗೆ ದುಡ್ಡು ಕೊಡುತ್ತಾರೆ. ಮರದ ಅಡಿಯಲ್ಲಿ ಆಡಬೇಕಾದ ಗಾಳಿಯನ್ನು ಯಾರೂ ಕೇಳುವುದಿಲ್ಲ. ಮಾಡು ಬಾಳುವುದು ಆ ಗಾಳಿಯಿಂದ.

ಹೋದ ವರ್ಷ ದೀಪಾವಳಿ ಕಳೆದ ಮೇಲೆ ಒಂದು ಎಸ್ಟೇಟಿನ ಕಾಟೇಜಿನ ಮಾಡು ಬಿಚ್ಚುವ ಕೆಲಸ ಬಂತು. ಹೊದಿಸಿದ್ದವರು ಬೇರೆ ಊರಿನ ಗುತ್ತಿಗೆದಾರರು. ವಿದೇಶದಿಂದ ಬಂದ ಸೀಡರ್ ಮರ, ಕಳಪೆಯದೇನಲ್ಲ. ಅಂಗಳದಲ್ಲಿ ನಿಂತು ನೋಡಿದರೆ ಬೂದುಬಣ್ಣಕ್ಕೆ ತಿರುಗಿದ, ಅಲ್ಲಲ್ಲಿ ಪಾಚಿ ಕಟ್ಟಿದ ಮಾಡು, ಅಷ್ಟೇ. ಏಣಿ ಹತ್ತಿ ಸ್ಕ್ರೂಡ್ರೈವರ್ ತುದಿಯಿಂದ ಒಂದು ಶಿಂಗಲ್‌ನ ಬುಡ ಒತ್ತಿದೆ. ತುದಿ ತಡೆಯಿಲ್ಲದೆ ಒಳಗಿಳಿಯಿತು. ಎತ್ತಿ ನೋಡಿದರೆ ಮೇಲ್ಮೈ ಒಣಗಿ ಸೆಟೆದಿದೆ, ಹಿಂಬದಿ ಕಪ್ಪಗೆ ತೇವವಾಗಿದೆ. ಬಿಸಿಲು ಬೀಳತೊಡಗಿ ವಾರಗಳು ಕಳೆದಿದ್ದರೂ ಆ ಮಗ್ಗುಲು ಒಣಗಿರಲಿಲ್ಲ. ಮೊಳೆಗೆ ತಲೆ ಮಾತ್ರ ಉಳಿದಿತ್ತು, ಕಾಲು ತುಕ್ಕಾಗಿತ್ತು. ಶಿಂಗಲ್‌ನ ಅಡಿಗೆ ಡಾಂಬರು ಹಾಳೆ, ಅದರ ಅಡಿಗೆ ಪ್ಲೈವುಡ್. ಮೊಳೆ ಹೊಕ್ಕಲ್ಲೆಲ್ಲ ಪ್ಲೈವುಡ್ ಮೆತ್ತಗಾಗಿ, ಉಗುರಿನಲ್ಲಿ ಕೆರೆದರೆ ಪುಡಿ ಉದುರುತ್ತಿತ್ತು.

‘ವಾಟರ್‌ಪ್ರೂಫ್ ಪ್ಲೈವುಡ್ಡೇ ಹಾಕ್ಸಿದ್ದು ಕಣ್ರೀ. ನೀರಲ್ಲಿ ಕುದಿಸಿದ್ರೂ ಬಿಡಲ್ಲ ಅಂದಿದ್ರು’ ಎಂದರು ಮಾಲೀಕರು.

‘ಅಂಟು ಬಿಟ್ಟಿಲ್ಲ ಸಾರ್, ನೋಡಿ ಹಾಗೇ ಇದೆ. ಅಂಟಿನ ನಡುವಿನ ಮರ ಹೋಗಿದೆ’ ಎಂದೆ.

ಅವರಿಗೆ ಮೋಸ ಮಾಡಬೇಕೆಂದು ಯಾರೂ ಹೊರಟಿರಲಿಕ್ಕಿಲ್ಲ. ಆದರೆ ಕುದಿಯುವ ನೀರು ತಡೆಯುವುದು ಅಂಟಿನ ಗುಣ. ಕೊಳೆ ತಡೆಯುವುದು ಮರದ ಗುಣ. ಎರಡೂ ಬೇರೆ. ಈ ವ್ಯತ್ಯಾಸವನ್ನು ಮಾರುವವರು ಹೇಳುವುದಿಲ್ಲ, ಕೊಳ್ಳುವವರು ಕೇಳುವುದಿಲ್ಲ.

ಮರ ಕೊಳೆಯುವುದು ನೀರು ತಾಗಿದ್ದರಿಂದಲ್ಲ, ತಾಗಿದ ನೀರು ಹೋಗದೆ ನಿಂತದ್ದರಿಂದ. ಮರದೊಳಗಿನ ತೇವ ಶೇ 20ರ ಒಳಗಿದ್ದರೆ ಅದನ್ನು ಕೊಳೆಸುವ ಶಿಲೀಂಧ್ರ ಬೆಳೆಯುವುದಿಲ್ಲ. ಆ ಗಡಿ ದಾಟಿ ಬಹುಕಾಲ ನಿಂತರೆ ಕೊಳೆಗೆ ದಾರಿಯಾಗುತ್ತದೆ. ನಮ್ಮ ಊರಿನ ಕಷ್ಟ ಇಲ್ಲಿದೆ. ಆರಿದ್ರೆಯಿಂದ ಆಶ್ಲೇಷದವರೆಗೆ ಗಾಳಿಯ ತೇವಾಂಶವೇ ಶೇ 90ರ ಆಸುಪಾಸಿನಲ್ಲಿರುತ್ತದೆ. ಅಂಥ ಗಾಳಿಯಲ್ಲಿ ಒಂದು ಹನಿ ಮಳೆ ತಾಗದ ಮರವೂ ಶೇ 20ರ ಹತ್ತಿರಕ್ಕೆ ತೇವ ಹೀರಿಕೊಂಡು ಕೂತಿರುತ್ತದೆ. ಅದರ ಮೇಲೆ ಮಳೆ. ಆಗುಂಬೆಯಲ್ಲಿ ವರ್ಷಕ್ಕೆ ಸರಾಸರಿ 7,000 ಮಿ.ಮೀ.ಗೂ ಹೆಚ್ಚು ಬೀಳುತ್ತದೆ. ಇಂಥ ಕಡೆ ಮರದ ಒಂದು ಮಗ್ಗುಲಿಗೆ ಡಾಂಬರು ಹಾಳೆ ಅಂಟಿಸಿಟ್ಟರೆ, ಮಳೆ ಎರಡು ದಿನ ಹೊಳವು ಕೊಟ್ಟಾಗಲೂ ಆ ಮಗ್ಗುಲು ಒಣಗಲಾರದು.

ನಮ್ಮ ಹಿರಿಯರ ಹೆಂಚಿನ ಮಾಡಿನಲ್ಲಿ ಇದಕ್ಕೆ ಉತ್ತರ ಆಗಲೇ ಇದೆ. 1865ರಲ್ಲಿ ಮಂಗಳೂರಿನ ಜೆಪ್ಪುವಿನಲ್ಲಿ ಬಾಸೆಲ್ ಮಿಶನ್ನಿನವರು ಹೆಂಚಿನ ಕಾರ್ಖಾನೆ ತೆರೆದ ಮೇಲೆ ಸೋಗೆ, ಹುಲ್ಲಿನ ಮಾಡುಗಳು ಒಂದೊಂದಾಗಿ ಹೆಂಚಿಗೆ ಬದಲಾದವು. ಮಂಗಳೂರು ಹೆಂಚನ್ನು ಯಾರೂ ಹಲಗೆಗೆ ಅಂಟಿಸಲಿಲ್ಲ, ಗಾರೆ ಮೆತ್ತಿ ಕೂರಿಸಲಿಲ್ಲ. ಪಕ್ಕಾಸಿನ ಮೇಲೆ ರೀಪು, ರೀಪಿಗೆ ಹೆಂಚು ಸಿಕ್ಕಿಸಿದರೆ ಮುಗಿಯಿತು. ಅಡಿಯಿಂದ ಮನೆಯ ಬೆಚ್ಚನೆ ಗಾಳಿ ಏರಿ ಹೆಂಚಿನ ಸಂದಿಯಲ್ಲಿ ಹೊರಗೆ ಹೋಗುತ್ತಿತ್ತು. ಸೌದೆ ಒಲೆಯ ಹೊಗೆ ಅಟ್ಟದ ಮೂಲಕ ಹಾದು ಪಕ್ಕಾಸು, ರೀಪುಗಳನ್ನು ಮಳೆಗಾಲದುದ್ದಕ್ಕೂ ಒಣಗಿಸುತ್ತಿತ್ತು, ಹುಳ ಓಡಿಸುತ್ತಿತ್ತು. ಈಗ ಗ್ಯಾಸ್ ಒಲೆ ಬಂದು ಹೊಗೆ ಹೋಯಿತು, ಒಳಗೆ ಮುಚ್ಚಿಗೆ ಹೊಡೆಸಿ ಗಾಳಿಯನ್ನೂ ತಡೆದೆವು. ಹಾಗಾಗಿ ಹಿಂದಿಗಿಂತ ಈಗ ಮಾಡಿನ ಅಡಿಯ ಗಾಳಿಯ ಬಗ್ಗೆ ಹೆಚ್ಚು ಯೋಚಿಸಬೇಕಾಗಿದೆ.

ಮರದ ಮಾಡು ಕಂಡ ನಾಡುಗಳೆಲ್ಲ ಇದನ್ನೇ ತಮ್ಮ ತಮ್ಮ ರೀತಿಯಲ್ಲಿ ಅರಿತಿವೆ. ಮನಾಲಿಯ ಹಿಡಿಂಬಾ ದೇವಿ ಗುಡಿ 1553ರದ್ದು. ಅದರ ಕೆಳಗಿನ ಮೂರು ಮಾಡುಗಳಿಗೆ ಮರದ ಹಲಗೆಯ ಹೊದಿಕೆ. ಭೂತಾನಿನ ಹಳ್ಳಿಮನೆಗಳಲ್ಲಿ ಮರದ ಸೀಳುಗಳನ್ನು ಮೊಳೆಯಿಲ್ಲದೆ ಹಾಸಿ, ಮೇಲೆ ಕಲ್ಲು ಹೇರುತ್ತಿದ್ದರು. ಕೆಲವು ವರ್ಷಕ್ಕೊಮ್ಮೆ ಅವನ್ನೇ ತಿರುವಿ ಹಾಕುತ್ತಿದ್ದರು. ನಾರ್ವೆಯ ಬೋರ್ಗುಂಡ್ ಚರ್ಚು 12ನೇ ಶತಮಾನದ ಕೊನೆಯದು. ಪೈನ್ ಮರದಿಂದ ಟಾರು ತೆಗೆದು ಚರ್ಚಿನ ಮಾಡಿಗೆ ಮತ್ತೆ ಮತ್ತೆ ಬಳಿದು ಉಳಿಸಿಕೊಂಡು ಬಂದಿದ್ದಾರೆ. ರಷ್ಯಾದ ಒನೆಗಾ ಸರೋವರದ ಕಿಝಿ ದ್ವೀಪದಲ್ಲಿ 1714ರ ಚರ್ಚೊಂದಿದೆ, 22 ಗುಮ್ಮಟಗಳದ್ದು. ಆ ಗುಮ್ಮಟಗಳಿಗೆ ಹೊದಿಸಿರುವುದು ಆಸ್ಪೆನ್ ಎಂಬ ಮರ. ನೆಲದಲ್ಲಿ ಹೂತರೆ ಬೇಗ ಕೊಳೆಯುವ ಮೆದು ಮರ ಅದು. ಕಡಿದಾದ ಇಳಿಜಾರಿನ ಮೇಲೆ ನೀರು ನಿಲ್ಲದಂತೆ, ಗಾಳಿ ಆಡುವಂತೆ ಹೊದಿಸಿದ್ದರಿಂದ ಅದೂ ದಶಕಗಳ ಕಾಲ ಬಾಳುತ್ತದೆ. ಮರದ ಜಾತಿಯೊಂದನ್ನೇ ನಂಬಿ ಕೂರುವವರು ಕಿಝಿಯ ಗುಮ್ಮಟಗಳನ್ನು ನೆನೆಯಬೇಕು.

ಹಾಗೆಂದು ಯಾವ ಮರವಾದರೂ ಆದೀತೆಂದಲ್ಲ. ನಮ್ಮ ಮಳೆಗೆ ಒಳ್ಳೆಯ ಮರವೂ ಬೇಕು, ಗಾಳಿಯೂ ಬೇಕು. ಆರಿಸುವಾಗ ಮೊದಲು ನೋಡಬೇಕಾದ್ದು ಚೇಗು. ಮರದ ನಡುವಿನ ಬಲಿತ ಭಾಗವೇ ಚೇಗು. ಹೊರಗಿನ ಬಿಳಿ ಭಾಗ ಎಂಥ ಜಾತಿಯ ಮರದ್ದಾದರೂ ಹುಳಕ್ಕೂ ಕೊಳೆಗೂ ತುತ್ತು. ಸಾಗುವಾನಿ ಎಂದ ಮಾತ್ರಕ್ಕೆ ನಂಬಬೇಡಿ. ಎಳೆಯ ಪ್ಲಾಂಟೇಶನ್ ಸಾಗುವಾನಿಯಲ್ಲಿ ಬಿಳಿಯದೇ ಹೆಚ್ಚು. ಐಎಸ್ 401 ಎಂಬ ಭಾರತೀಯ ಮಾನಕವು ಮರದ ಚೇಗಿನ ಗೂಟಗಳನ್ನು ನೆಲದಲ್ಲಿ ಹೂತು, ಎಷ್ಟು ತಿಂಗಳು ಬಾಳಿದವು ಎಂಬುದರ ಮೇಲೆ ಮೂರು ವರ್ಗ ಮಾಡುತ್ತದೆ: ಸರಾಸರಿ 120 ತಿಂಗಳು ಅಥವಾ ಹೆಚ್ಚು ಬಾಳಿದ್ದು ಮೊದಲ ವರ್ಗ, 60ರಿಂದ 120 ಎರಡನೆಯದು, 60ಕ್ಕೂ ಕಡಿಮೆ ಮೂರನೆಯದು. ಸಾಗುವಾನಿಯ ಚೇಗು ಮೊದಲ ವರ್ಗದ್ದು. ಮಾಡಿಗೆ ಮೊದಲ ವರ್ಗದ ಚೇಗನ್ನೇ ಕೇಳಿ. ಮಾರುವವರು ಹೇಳಿದ ಮರವೇ ಬಂದಿದೆಯೇ ಎಂಬ ಅನುಮಾನವಿದ್ದರೆ, ಮರ ಗುರುತಿಸಿಕೊಡುವ ಸರ್ಕಾರಿ ಸಂಸ್ಥೆ ಬೆಂಗಳೂರಿನ ಮಲ್ಲೇಶ್ವರದಲ್ಲೇ ಇದೆ.

ತೋಟದಲ್ಲಿ ಹೇಗೂ ಸಿಲ್ವರ್ ಓಕ್ ಇದೆ, ಅದನ್ನೇ ಕೊಯ್ಸಿ ಶಿಂಗಲ್ ಮಾಡಿದರೆ ಆಗದೇ ಎಂದು ಕೇಳುವ ಬೆಳೆಗಾರರಿದ್ದಾರೆ. ಬೇಡ. ನೆರಳಿಗೆ, ಮೆಣಸಿನ ಬಳ್ಳಿಗೆ, ಪ್ಯಾಕಿಂಗ್ ಪೆಟ್ಟಿಗೆಗೆ ಅದು ಒಳ್ಳೆಯದು. ಮಳೆಗೆ ಮೈಯೊಡ್ಡಿ ನಿಲ್ಲುವ ಮರ ಅದಲ್ಲ.

ಎರಡನೆಯದು, ಮರ ಕೊಯ್ದ ದಿಕ್ಕು. ಶಿಂಗಲ್ ಕೈಗೆತ್ತಿಕೊಂಡು ಅದರ ದಪ್ಪ ತುದಿಯ ಕಡೆ ನೋಡಿ. ಅಲ್ಲಿ ಕಾಣುವ ವರ್ಷದ ಗೆರೆಗಳು ಕೆಳಗಿನಿಂದ ಮೇಲಕ್ಕೆ ನೆಟ್ಟಗೆ ನಿಂತಿದ್ದರೆ ಆ ತುಂಡು ಬಿಸಿಲು ಮಳೆಗೆ ಹೆಚ್ಚು ಸೊಟ್ಟಗಾಗುವುದಿಲ್ಲ. ಗೆರೆಗಳು ಅಡ್ಡಕ್ಕೆ, ಬಿಲ್ಲಿನ ಹಾಗೆ ಬಾಗಿ ಮಲಗಿದ್ದರೆ ಅದು ನಾಳೆ ಅಂಚು ಎತ್ತಿಕೊಂಡು ನಿಲ್ಲುತ್ತದೆ, ನಡುವೆ ಬಿರಿಯುತ್ತದೆ. ಕೆನಡಾ, ಅಮೆರಿಕದಲ್ಲಿ ಮಾಡಿಗೆಂದೇ ಮಾರುವ ಮೊದಲ ದರ್ಜೆಯ ಸೀಡರ್ ಶಿಂಗಲ್‌ಗೆ ಮೂರು ಷರತ್ತು: ಪೂರ್ತಿ ಚೇಗು, ಪೂರ್ತಿ ನೆಟ್ಟಗೆರೆ, ಗಂಟಿಲ್ಲದ್ದು. ಎರಡನೇ ದರ್ಜೆಯದು ಗೋಡೆಗೆ ಬಡಿಯಲು ಸಾಕು, ನಮ್ಮ ಮಾಡಿಗೆ ಸಾಲದು. ಬಿಲ್ಲಿನಲ್ಲಿ ‘ಸೀಡರ್’ ಎಂದಷ್ಟೇ ಬರೆದಿದ್ದರೆ ಒಪ್ಪಬೇಡಿ, ದರ್ಜೆ ಬರೆಸಿ.

ಗರಗಸದಲ್ಲಿ ಕೊಯ್ದದ್ದು ಮತ್ತು ಕತ್ತಿಯಿಟ್ಟು ಸೀಳಿದ್ದು ಎಂದು ಎರಡು ಬಗೆಯುಂಟು. ಗರಗಸ ನಾರನ್ನು ಕತ್ತರಿಸಿಕೊಂಡು ಹೋಗುತ್ತದೆ, ಸೀಳಿದರೆ ಮರ ನಾರಿನ ಗುಂಟವೇ ಬಿಡುತ್ತದೆ. ಸೀಳಿದ ಮೈ ಮೇಲೆ ನೀರು ನಾರಿನ ಉದ್ದಕ್ಕೆ ಜಾರಿ ಇಳಿಯುತ್ತದೆ. ಅಡಕೆ ದಬ್ಬೆ, ಬಿದಿರು ಸೀಳುವ ನಮ್ಮ ಕೆಲಸದವರಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ. ಸೀಳಿದ ಶಿಂಗಲ್‌ನ ಮೈ ಉಬ್ಬುತಗ್ಗಾಗಿರುವುದರಿಂದ ಇಳಿಜಾರು ಇನ್ನೂ ಹೆಚ್ಚು ಬೇಕು, ಅಷ್ಟು ಗಮನದಲ್ಲಿರಲಿ.

ಇನ್ನು ಹೊದಿಸುವ ಕ್ರಮ. ಅಮೆರಿಕದ ನಿಯಮದಲ್ಲಿ ಕೊಯ್ದ ಶಿಂಗಲ್‌ಗೆ 12 ಅಡಿ ಅಡ್ಡಕ್ಕೆ ಕನಿಷ್ಠ 3 ಅಡಿ ಏರು ಇದ್ದರೆ ಸಾಕು. ಘಟ್ಟದ ಮಳೆಗೆ ಅದು ಏನೇನೂ ಸಾಲದು. 12ಕ್ಕೆ 8 ಅಡಿಗಿಂತ ಕಡಿಮೆ ಏರಿನ ಮಾಡಿಗೆ ನಾನು ಮರ ಹೊದಿಸುವುದಿಲ್ಲ. ನೀರು ನಿಲ್ಲಲು ಹೊತ್ತೇ ಸಿಗಬಾರದು.

ಮಂಗಳೂರು ಹೆಂಚಿಗೆ ರೀಪಿನಿಂದ ರೀಪಿಗೆ ಸುಮಾರು ಹನ್ನೆರಡೂವರೆ ಅಂಗುಲ ಅಂತರ. 16 ಅಂಗುಲ ಉದ್ದದ ಶಿಂಗಲ್‌ನಲ್ಲಿ ಹೊರಗೆ ಕಾಣಬೇಕಾದ್ದು ಹೆಚ್ಚೆಂದರೆ 5 ಅಂಗುಲ. ಉಳಿದದ್ದೆಲ್ಲ ಮೇಲಿನ ಸಾಲುಗಳ ಅಡಿಗೆ ಹೋಗುತ್ತದೆ. ಹಾಗಾಗಿ ರೀಪೂ 5 ಅಂಗುಲಕ್ಕೊಂದು ಬರಬೇಕು. ಹೆಂಚಿನ ಮಾಡಿಗಿಂತ ಎರಡೂವರೆ ಪಟ್ಟು ರೀಪು ಬೇಕಾಗುತ್ತದೆ. ಈ ಖರ್ಚು ತಪ್ಪಿಸಲೆಂದೇ ಗುತ್ತಿಗೆದಾರರು ಪ್ಲೈವುಡ್ ಹಾಸಿಬಿಡುತ್ತಾರೆ. ದುಡ್ಡು ಉಳಿಸಬಾರದ ಜಾಗ ಇದೇ. ರೀಪು, ಪಕ್ಕಾಸುಗಳಿಗೆ ನಮ್ಮ ಗೇರು ಎಣ್ಣೆ ಎರಡು ಕೈ ಬಳಿದರೆ ಗೆದ್ದಲಿಗೂ ತಡೆ.

ಮಾಡಿನ ಯಾವ ಜಾಗದಲ್ಲೂ ಮರ ಮೂರು ಪದರ ಇರಬೇಕು. ಸೂರಿನ ಅಂಚಿನ ಮೊದಲ ಸಾಲು ಜೋಡಿ, ಅಂಚಿನಿಂದ ಒಂದೂವರೆ ಅಂಗುಲ ಹೊರಚಾಚಿರಲಿ. ಅಕ್ಕಪಕ್ಕದ ಶಿಂಗಲ್‌ಗಳ ನಡುವೆ ಕಾಲು ಅಂಗುಲ ಬಿಡಲೇಬೇಕು. ಒಣಗಿದ ಮರ ಮಳೆಗಾಲದಲ್ಲಿ ಹಿಗ್ಗುತ್ತದೆ. ಸಂದಿಲ್ಲದೆ ಒತ್ತಿ ಹೊದಿಸಿದ ಮಾಡು ಮೊದಲ ಮಳೆಗೇ ಉಬ್ಬಿ ಮೊಳೆ ಕೀಳುತ್ತದೆ. ಒಂದು ಸಾಲಿನ ಸಂದು ಅದರ ಮೇಲಿನ ಸಾಲಿನ ಸಂದಿನಿಂದ ಕನಿಷ್ಠ ಒಂದೂವರೆ ಅಂಗುಲ ಆಚೆಗಿರಬೇಕು. ಮೂರನೇ ಸಾಲಿನ ಸಂದೂ ಮೊದಲನೆಯದರ ನೇರಕ್ಕೆ ಬರಬಾರದು. ಎಷ್ಟೇ ಅಗಲದ ಶಿಂಗಲ್ ಆಗಲಿ, ಮೊಳೆ ಎರಡೇ, ಅಂಚಿನಿಂದ ಮುಕ್ಕಾಲು ಅಂಗುಲ ಒಳಗೆ, ಮೇಲಿನ ಸಾಲು ಮುಚ್ಚುವ ಜಾಗದಲ್ಲಿ. ನಡುವೆ ಮೂರನೇ ಮೊಳೆ ಹೊಡೆದರೆ ಮರ ಅಲ್ಲೇ ಸೀಳುತ್ತದೆ. ಮೊಳೆ ಸ್ಟೇನ್‌ಲೆಸ್ ಸ್ಟೀಲಿನದ್ದಿರಲಿ, ಕರಾವಳಿಯಲ್ಲಾದರೆ 316 ದರ್ಜೆಯದು. ಸಾದಾ ಕಬ್ಬಿಣದ ಮೊಳೆಯನ್ನು ಸೀಡರ್‌ನ ಒಗರು ತಿಂದು, ಮರದ ಮೇಲೆ ಕಪ್ಪು ಗೆರೆ ಇಳಿಸುತ್ತದೆ. ಮೊಳೆಯ ತಲೆ ಮರಕ್ಕೆ ತಾಗಿ ನಿಂತರೆ ಸಾಕು, ಒಳಗೆ ಇಳಿಯಬಾರದು. ಕೆಲಸದವರ ಕೈಯ ಮೊಳೆ ಗನ್ನಿನ ಒತ್ತಡ ನೋಡುವುದು ಮೇಸ್ತ್ರಿಯ ಜವಾಬ್ದಾರಿ.

‘ಕೆಳಗೆ ಎಸಿ ರೂಮು ಇದೆ, ರೀಪಿನ ಸಂದಿಯಲ್ಲಿ ಎರಚಲು ಬಂದರೆ?’ ಎಂಬ ಪ್ರಶ್ನೆ ಬರುತ್ತದೆ. ನ್ಯಾಯವಾದದ್ದು. ಅದಕ್ಕೂ ದಾರಿಯಿದೆ. ಕೆಳಗೆ ಪ್ಲೈವುಡ್ಡು, ನೀರು ತಡೆಯುವ ಹಾಳೆ ಹಾಕಿಕೊಳ್ಳಿ. ಅದರ ಮೇಲೆ ಇಳಿಜಾರಿನ ಗುಂಟ ಉದ್ದ ಪಟ್ಟಿ ಹೊಡೆದು, ಆ ಪಟ್ಟಿಗಳ ಮೇಲೆ ಅಡ್ಡ ರೀಪು, ರೀಪಿನ ಮೇಲೆ ಶಿಂಗಲ್. ಆಗ ಸೂರಿನ ಅಂಚಿನಿಂದ ನೆತ್ತಿಯವರೆಗೆ ಗಾಳಿ ಓಡುವ ದಾರಿ ತೆರೆದಿರುತ್ತದೆ. ಬಿಸಿಲಿಗೆ ಶಿಂಗಲ್ ಕಾದಾಗ ಅಡಿಯ ಗಾಳಿ ತಾನೇ ಮೇಲೇರಿ ತೇವವನ್ನು ಹೊತ್ತೊಯ್ಯುತ್ತದೆ. ಕೆಳಗೂ ನೆತ್ತಿಯಲ್ಲೂ ಬಾಯಿ ತೆರೆದಿರಬೇಕು. ಇಲಿ, ಬಾವಲಿ, ಕಣಜ ಹೊಗದಂತೆ ಸ್ಟೇನ್‌ಲೆಸ್ ಜಾಲರಿ ಹಾಕಬೇಕು. ಒಂದು ಬಾಯಿ ಮುಚ್ಚಿದರೂ ಇಡೀ ಏರ್ಪಾಡು ವ್ಯರ್ಥ.

ಹೊದಿಸಿ ಮುಗಿದ ಮೇಲೆ ಮಿರಮಿರ ಮಿಂಚಲಿ ಎಂದು ವಾರ್ನಿಷ್ ಹೊಡೆಸುತ್ತಾರೆ. ದಯವಿಟ್ಟು ಮಾಡಿಸಬೇಡಿ. ವಾರ್ನಿಷ್ ಮೇಲೆ ಪೊರೆ ಕಟ್ಟುತ್ತದೆ. ಬಿರುಕಿನಲ್ಲಿ ಒಳಹೊಕ್ಕ ನೀರು ಆ ಪೊರೆಯಿಂದಾಗಿಯೇ ಹೊರಬರಲಾಗದು. ಬಳಿಯುವುದಾದರೆ ಮರದೊಳಗೆ ಇಳಿಯುವ ಎಣ್ಣೆಯನ್ನು, ಅದೂ ಹೊದಿಸುವ ಮೊದಲೇ ಎರಡೂ ಮಗ್ಗುಲಿಗೆ. ಮಳೆಗಾಲಕ್ಕೆ ಮುಂಚೆ ಒಮ್ಮೆ, ಕಳೆದ ಮೇಲೆ ಒಮ್ಮೆ ಮಾಡಿನ ಮೇಲಿನ ತರಗೆಲೆ ಗುಡಿಸಬೇಕು. ಸಂದುಗಳಲ್ಲಿ ಸಿಕ್ಕಿಕೊಂಡ ಎಲೆಯೇ ನೀರು ಹಿಡಿದಿಡುತ್ತದೆ. ಮಾಡಿನ ಮೇಲೆ ಬಾಗಿದ ಕೊಂಬೆ ಕಡಿಸಿ. ಪಾಚಿ ತೆಗೆಯಲು ಪ್ರೆಶರ್ ಪಂಪ್ ಬಿಟ್ಟರೆ ಪಾಚಿಯ ಜತೆ ಮರದ ಮೈಯೂ ಕಿತ್ತು ಬರುತ್ತದೆ; ಮೆದು ಬ್ರಶ್ ಸಾಕು.

ಬೆಂಕಿಯ ಮಾತು ಬಿಡುವಂತಿಲ್ಲ. 1961ರ ನವೆಂಬರಿನಲ್ಲಿ ಅಮೆರಿಕದ ಲಾಸ್ ಏಂಜಲೀಸ್ ನಗರದ ಬೆಲ್ ಏರ್ ಬಡಾವಣೆಗೆ ಕಾಳ್ಗಿಚ್ಚು ನುಗ್ಗಿ 484 ಮನೆಗಳು ನಾಶವಾದವು. ಹೊತ್ತಿದ ಮರದ ಶಿಂಗಲ್‌ಗಳು ಗಾಳಿಗೆ ಹಾರಿ ಒಂದು ಮಾಡಿನಿಂದ ಇನ್ನೊಂದಕ್ಕೆ ಬೆಂಕಿ ದಾಟಿಸಿದವು. ಮುಂದೆ ಆ ನಗರ ಮರದ ಶಿಂಗಲ್ ಹೊದಿಸುವುದನ್ನೇ ನಿಷೇಧಿಸಿತು. ನಮ್ಮಲ್ಲಿಯೂ ಫೆಬ್ರುವರಿ, ಮಾರ್ಚ್‌ನಲ್ಲಿ ಗುಡ್ಡಕ್ಕೆ ಬೆಂಕಿ ಬೀಳುವುದುಂಟು. ಬೋಳು ಗುಡ್ಡದ ಅಂಚಿನಲ್ಲಿ, ಒಣಹುಲ್ಲಿನ ಪಕ್ಕದಲ್ಲಿ, ಸೌದೆ ಒಲೆಯ ಹೊಗೆಗೂಡಿನ ಬಳಿ ಮರದ ಮಾಡು ಬೇಡ. ಕಾಟೇಜುಗಳನ್ನು ಒತ್ತೊತ್ತಾಗಿ ಕಟ್ಟಿ ಎಲ್ಲದಕ್ಕೂ ಮರವನ್ನೇ ಹೊದಿಸುವುದಂತೂ ಅಪಾಯ. ಅತಿಥಿಗಳು ಮಲಗುವ ಕಟ್ಟಡಕ್ಕೆ ಬೆಂಕಿ ನಿರೋಧಕ ಉಣಿಸಿದ ಶಿಂಗಲ್ಲನ್ನೇ ಕೇಳಿ ಪಡೆಯಿರಿ.

ಇಷ್ಟೆಲ್ಲ ಮಾಡುವಷ್ಟು ಹಣ, ತಾಳ್ಮೆ ಇಲ್ಲದವರಿಗೆ ಮಂಗಳೂರು ಹೆಂಚು ಇದ್ದೇ ಇದೆ. ವಾಸದ ಮನೆಗೆ ಹೆಂಚು, ಜಗುಲಿಗೋ ತೋಟದ ಮಂಟಪಕ್ಕೋ ಮರ ಎಂದರೆ ಸಾಲ ಮಾಡಿ ಮನೆ ಕಟ್ಟುವವರಿಗೂ ಕೈಗೆಟಕುತ್ತದೆ. ಹೆಂಚಿನ ಮಾಡಿನಲ್ಲಿ ಒಂದು ಒಡೆದರೆ ಅದೊಂದನ್ನೇ ಬದಲಿಸಬಹುದು. ರೀಪಿನ ಮೇಲೆ ಕೂರಿಸಿದ ಮರದ ಮಾಡಿಗೂ ಅದೇ ಅನುಕೂಲವಿದೆ, ಹಾಳೆಗೆ ಅಂಟಿಸಿದ್ದಕ್ಕೆ ಇಲ್ಲ.

ವಾಸ್ತುಶಿಲ್ಪಿಗಳಲ್ಲಿ ನನ್ನದೊಂದು ಬೇಡಿಕೆ. ಕಟ್ಟಡ ಎದುರಿನಿಂದ ಹೇಗೆ ಕಾಣುತ್ತದೆ ಎಂಬ ಬಣ್ಣದ ಚಿತ್ರದ ಜತೆಗೆ ಮಾಡನ್ನು ಅಡ್ಡ ಕೊಯ್ದು ತೋರಿಸುವ ನಕ್ಷೆಯನ್ನೂ ಕೊಡಿ. ಐಟಿಐಗಳಲ್ಲಿ ಬಡಗಿ ಕೆಲಸ ಕಲಿಸುವವರು ಕಿಟಕಿ, ಮೇಜು ಮಾಡಿಸಿ ಕೈ ತೊಳೆದುಕೊಳ್ಳದೆ, ಪಕ್ಕಾಸು ಏರಿಸುವುದನ್ನೂ ರೀಪು ಹೊಡೆಯುವುದನ್ನೂ ಕಲಿಸಲಿ. ನಮ್ಮ ಆಚಾರಿಗಳ ಕೈಯಲ್ಲಿರುವ ಈ ವಿದ್ಯೆ ಅವರೊಂದಿಗೇ ಹೋಗಲು ಬಿಡಬಾರದು. ಹೋದರೆ ಮಲೆನಾಡಿನ ಮಾಡುಗಳು ಬೇರೆ ಹವೆಗೆಂದು ಬರೆದ ಕೈಪಿಡಿಗಳ ಪಾಲಾಗುತ್ತವೆ.

ಕಟ್ಟಿಸುವವರಿಗೆ ಹೇಳುವುದು ಇಷ್ಟೇ. ಮುಂಗಡ ಕೊಡುವ ಮೊದಲು ಗುತ್ತಿಗೆದಾರರನ್ನು ಎರಡು ಪ್ರಶ್ನೆ ಕೇಳಿ: ಶಿಂಗಲ್‌ನ ಅಡಿಗೆ ಗಾಳಿ ಎಲ್ಲಿಂದ ಒಳಗೆ ಬರುತ್ತದೆ? ಎಲ್ಲಿಂದ ಹೊರಗೆ ಹೋಗುತ್ತದೆ? ನಕ್ಷೆಯ ಮೇಲೆ ಬೆರಳಿಟ್ಟು ತೋರಿಸಿದರೆ ಕೆಲಸ ಕೊಡಿ. ತೋರಿಸಲಾಗದಿದ್ದರೆ ಹೆಂಚು ಹೊದಿಸಿ.